ಮಕ್ಕಳ ಮನೆಗೆ ವಿದೇಶಕ್ಕೆ ಹೊರಟಿದ್ದೀರಾ? ಯಾವ ಆರೋಗ್ಯ ವಿಮೆ ಮಾಡಿಸಬೇಕು?

ಬಳ್ಳಾರಿಯಲ್ಲಿ ಬಿಸಿಲು ಏರಲು ಶುರುವಾದರೆ ನಮ್ಮ ಓಣಿಯ ಅಟ್ಟಗಳಿಂದ ಸೂಟ್‌ಕೇಸುಗಳು ಇಳಿಯುತ್ತವೆ. ಒಬ್ಬರು ಮಗಳ ಬಾಣಂತನಕ್ಕೆ ಅಮೆರಿಕಕ್ಕೆ ಹೊರಟಿರುತ್ತಾರೆ. ಇನ್ನೊಬ್ಬರು ಮೊಮ್ಮಗನನ್ನು ನೋಡಲು ಕೆನಡಾಕ್ಕೆ. ರಾಯಚೂರಿನವರು ಹೈದರಾಬಾದಿಗೆ ಹೋಗಿ ಶಂಶಾಬಾದ್‌ನಲ್ಲಿ ವಿಮಾನ ಹತ್ತುತ್ತಾರೆ. ನಾವು ಹೆಚ್ಚಾಗಿ ಬೆಂಗಳೂರಿನ ದಾರಿ ಹಿಡಿಯುತ್ತೇವೆ. ಶೇಂಗಾ ಚಟ್ನಿಪುಡಿ ಎಷ್ಟು, ಅಂಟಿನುಂಡಿ ಎಷ್ಟು, ತೂಕ ಎಷ್ಟು ಅಂತ ಎಲ್ಲದರ ಲೆಕ್ಕ ತಿಂಗಳ ಮೊದಲೇ ಆಗಿರುತ್ತದೆ. ವಿಮೆಯ ಮಾತು ಮಾತ್ರ ಕೊನೆಯ ವಾರಕ್ಕೆ ಬರುತ್ತದೆ.

ನಾನು ಬ್ಯಾಂಕಿನಲ್ಲಿ ಕೆಲಸ ಮಾಡಿ ನಿವೃತ್ತನಾದವನು. ಏಜೆಂಟ್ ಅಲ್ಲ. ಕಾಗದಪತ್ರ ಓದುವ ಅಭ್ಯಾಸ ಇದೆ ಅಂತ ಪರಿಚಯದವರು ಪಾಲಿಸಿ ಹಿಡಿದುಕೊಂಡು ಮನೆಗೆ ಬರುತ್ತಾರೆ. ಹೋದ ತಿಂಗಳು ಗಂಗಾವತಿಯ ನಿವೃತ್ತ ಮೇಷ್ಟ್ರೊಬ್ಬರು ಬಂದಿದ್ದರು. "ಸರ್, ಇಲ್ಲಿಂದಲೇ ಮಾಡಿಸೋದಾ, ಇಲ್ಲಾ ಅಲ್ಲಿ ಮಗನ ಕಡೆಯಿಂದ ಮಾಡಿಸೋದಾ? ಒಬ್ಬೊಬ್ಬರು ಒಂದೊಂದು ಹೇಳ್ತಾರೆ" ಅಂದರು. ಈ ಪ್ರಶ್ನೆ ಕೇಳದವರೇ ಇಲ್ಲ. ಹಾಗಾಗಿ ನನಗೆ ತಿಳಿದದ್ದನ್ನೆಲ್ಲ ಒಂದು ಕಡೆ ಬರೆದಿಡುತ್ತಿದ್ದೇನೆ.

ನಮಗಾದದ್ದನ್ನು ಮೊದಲು ಹೇಳಿಬಿಡುತ್ತೇನೆ. ಮೊದಲ ಸಲ ಅಮೆರಿಕಕ್ಕೆ ಹೋದಾಗ ನಾವು ತೆಗೆದುಕೊಂಡದ್ದು ಎಲ್ಲಕ್ಕಿಂತ ಅಗ್ಗದ ಪಾಲಿಸಿ. ಮುಖಪುಟದಲ್ಲಿ 1 ಲಕ್ಷ ಡಾಲರ್ ಅಂತ ಇತ್ತು. ಅಷ್ಟು ಸಾಕು ಅಂದುಕೊಂಡೆವು. ಎರಡನೇ ತಿಂಗಳಲ್ಲಿ ನನ್ನ ಹೆಂಡತಿಗೆ ಮೂತ್ರದ ಸೋಂಕಾಗಿ ಚಳಿಜ್ವರ ಬಂತು. ಎರಡು ರಾತ್ರಿ ಆಸ್ಪತ್ರೆಯಲ್ಲಿ ಇರಬೇಕಾಯಿತು. ಆಕೆ ಹುಷಾರಾದಳು, ಅದು ದೊಡ್ಡದು. ಆದರೆ ಬಿಲ್ಲಿನ ಐದರಲ್ಲಿ ಒಂದು ಪಾಲನ್ನೂ ಆ ವಿಮೆ ಕೊಡಲಿಲ್ಲ. ದಿನಕ್ಕೆ ಇಷ್ಟೇ ಡಾಲರ್, ಡಾಕ್ಟರ್ ಒಂದು ಸಲ ನೋಡಿದರೆ ಇಷ್ಟೇ ಅಂತ ಒಳಗಿನ ಪುಟದಲ್ಲಿ ಬರೆದಿತ್ತು. ನಾವು ಆ ಪುಟ ತಿರುವಿಯೇ ಇರಲಿಲ್ಲ. ಮಗ ಐದು ತಿಂಗಳು ಆಸ್ಪತ್ರೆಯ ಬಿಲ್ಲಿಂಗ್ ವಿಭಾಗದ ಜೊತೆ ಫೋನಿನಲ್ಲಿ ಮಾತಾಡಿ, ಅರ್ಜಿ ಹಾಕಿ, ಬಿಲ್ಲು ಕಡಿಮೆ ಮಾಡಿಸಿಕೊಂಡು ಕಂತಿನಲ್ಲಿ ತೀರಿಸಿದ.

ಅಂದಿನಿಂದ ನಾನು ಮುಖಪುಟದ ದೊಡ್ಡ ಅಂಕಿ ನೋಡುವುದನ್ನು ಬಿಟ್ಟಿದ್ದೇನೆ. ಒಳಗಿನ ಪುಟದ ಸಣ್ಣ ಅಂಕಿಗಳನ್ನು ಮೊದಲು ಓದುತ್ತೇನೆ.

ಇಲ್ಲಿರುವ ವಿಮೆ ಅಲ್ಲಿ ನಡೆಯುತ್ತದಾ?

ಬಹಳ ಜನರಿಗೆ ಈ ಗೊಂದಲ ಇದೆ. 70 ದಾಟಿದವರಿಗೆ 2024ರ ಅಕ್ಟೋಬರ್‌ನಿಂದ ಆಯುಷ್ಮಾನ್ ಕಾರ್ಡ್ ಸಿಗುತ್ತಿದೆ, ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ. ಅದು ಭಾರತದೊಳಗೆ, ಯೋಜನೆಗೆ ಸೇರಿದ ಆಸ್ಪತ್ರೆಗಳಲ್ಲಿ ಮಾತ್ರ. ನಾವು ವರ್ಷವರ್ಷ ಕಟ್ಟುವ ಮೆಡಿಕ್ಲೇಮ್ ಕೂಡ ಸಾಮಾನ್ಯವಾಗಿ ದೇಶದ ಗಡಿ ದಾಟುವುದಿಲ್ಲ. ಅಮೆರಿಕದಲ್ಲಿ 65 ದಾಟಿದವರಿಗೆ ಮೆಡಿಕೇರ್ ಅಂತ ಸರ್ಕಾರದ ವಿಮೆ ಇದೆ, ಆದರೆ ಪ್ರವಾಸಿ ವೀಸಾದಲ್ಲಿ ಹೋದ ನಮಗೆ ಅದು ಸಿಗುವುದಿಲ್ಲ. ಮಗನ ಕಂಪನಿ ಕೊಡುವ ವಿಮೆಗೂ ಸಾಮಾನ್ಯವಾಗಿ ತಂದೆತಾಯಿಯನ್ನು ಸೇರಿಸಲು ಬರುವುದಿಲ್ಲ.

"ಅಲ್ಲಿ ಎಮರ್ಜೆನ್ಸಿ ಅಂದ್ರೆ ಹಣ ಕೇಳದೇ ನೋಡ್ತಾರಂತೆ" ಅಂತ ಒಂದು ಮಾತು ಓಡಾಡುತ್ತದೆ. ಅರ್ಧ ನಿಜ. 1986ರ ಕಾನೂನಿನ ಪ್ರಕಾರ ಅಮೆರಿಕದ ಆಸ್ಪತ್ರೆಯ ತುರ್ತು ವಿಭಾಗ ಬಂದವರನ್ನು ಪರೀಕ್ಷೆ ಮಾಡಿ, ಅಪಾಯದಿಂದ ಪಾರು ಮಾಡಲೇಬೇಕು. ಹಣ ಇದೆಯಾ ಇಲ್ಲವಾ ಅಂತ ನೋಡಿ ವಾಪಸ್ ಕಳಿಸುವಂತಿಲ್ಲ. ಆದರೆ ಚಿಕಿತ್ಸೆ ಪುಕ್ಕಟೆ ಅಲ್ಲ. ಬಿಲ್ಲು ಆಮೇಲೆ ಮನೆಗೆ ಬರುತ್ತದೆ.

ಆರಿಸುವ ಮೊದಲು ಏನೇನು ನೋಡಬೇಕು

ಪ್ರೀಮಿಯಂ ಎಷ್ಟು ಅನ್ನುವುದು ನನ್ನ ಪಟ್ಟಿಯಲ್ಲಿ ಕೊನೆಗೆ ಬರುತ್ತದೆ. ಮೊದಲು ಯಾವ ದೇಶ ಅಂತ ನೋಡಬೇಕು. ಸಿಂಗಪುರಕ್ಕೆ ಹದಿನೈದು ದಿನ ಹೋಗುವುದೂ ಟೆಕ್ಸಾಸ್‌ನಲ್ಲಿ ಆರು ತಿಂಗಳು ಇರುವುದೂ ಒಂದೇ ಅಲ್ಲ. ಆಮೇಲೆ ವಯಸ್ಸು. 60, 70, 80 ಇವು ವಿಮೆ ಕಂಪನಿಗಳ ಗೆರೆಗಳು. ಒಂದೊಂದು ಗೆರೆ ದಾಟಿದಾಗಲೂ ಪ್ರೀಮಿಯಂ ಏರುತ್ತದೆ, ಸಿಗುವ ಮೊತ್ತ ಇಳಿಯುತ್ತದೆ.

ನಮ್ಮ ವಯಸ್ಸಿನವರು ಎಲ್ಲಕ್ಕಿಂತ ಜಾಸ್ತಿ ಹೊತ್ತು ಕೂತು ಓದಬೇಕಾದದ್ದು ಮೊದಲೇ ಇರುವ ಕಾಯಿಲೆಯ ಷರತ್ತು. ಬಿಪಿ, ಶುಗರ್, ಥೈರಾಯ್ಡ್, ಸ್ಟೆಂಟ್, ಕಿಡ್ನಿ ಕಲ್ಲು, ಇವುಗಳಲ್ಲಿ ಒಂದೂ ಇಲ್ಲದ ನಿವೃತ್ತರು ಎಷ್ಟು ಜನ ಇದ್ದಾರೆ ಹೇಳಿ? ಶುಗರ್ ಇರುವವರಿಗೆ ಅಲ್ಲಿ ಎದೆನೋವು ಬಂದರೆ, ಅದಕ್ಕೂ ಹಳೆಯ ಕಾಯಿಲೆಗೂ ನಂಟಿದೆ ಅಂತ ಕಂಪನಿ ಹೇಳಬಹುದು. ಆಗ ಪಾಲಿಸಿ ಏನು ಕೊಡುತ್ತದೆ ಅನ್ನುವುದೇ ನಿಜವಾದ ಪ್ರಶ್ನೆ.

ಅದರ ನಂತರ ಒಳಮಿತಿ. ಏಜೆಂಟರು ಇದನ್ನು ಸಬ್‌ಲಿಮಿಟ್ ಅನ್ನುತ್ತಾರೆ. ಒಟ್ಟು 1 ಲಕ್ಷ ಡಾಲರ್ ಇದ್ದರೂ ರೂಮಿಗೆ ಇಷ್ಟು, ಐಸಿಯುಗೆ ಇಷ್ಟು, ಆಪರೇಷನ್ನಿಗೆ ಇಷ್ಟು ಅಂತ ಒಳಗೆ ಬೇಲಿ ಹಾಕಿರುತ್ತಾರೆ. ಆಸ್ಪತ್ರೆಗೆ ಹಣ ಯಾರು ಕಟ್ಟುತ್ತಾರೆ ಅನ್ನುವುದನ್ನೂ ಕೇಳಿಕೊಳ್ಳಿ. ಕಂಪನಿ ನೇರವಾಗಿ ಕೊಡುತ್ತದಾ, ನಾವು ಕಟ್ಟಿ ಆಮೇಲೆ ವಾಪಸ್ ಪಡೆಯಬೇಕಾ? ಕೊನೆಗೆ ದಿನಗಳ ಲೆಕ್ಕ. ಮಗಳ ಹೆರಿಗೆ ಮುಂದೆ ಹೋದರೆ ನಾವು ಇರುವ ದಿನಗಳೂ ಮುಂದೆ ಹೋಗುತ್ತವೆ. ಆಗ ಪಾಲಿಸಿ ಮುಂದುವರಿಸಲು ಬರಬೇಕು.

ಭಾರತದಲ್ಲೇ ಮಾಡಿಸುವ ಪ್ರವಾಸ ವಿಮೆ

ನ್ಯೂ ಇಂಡಿಯಾದಂಥ ಸರ್ಕಾರಿ ಕಂಪನಿಗಳೂ ಟಾಟಾ ಎಐಜಿ, ಐಸಿಐಸಿಐ ಲೊಂಬಾರ್ಡ್‌ನಂಥ ಖಾಸಗಿ ಕಂಪನಿಗಳೂ ಇದನ್ನು ಮಾರುತ್ತವೆ. ರೂಪಾಯಿಯಲ್ಲಿ ಕಟ್ಟಬಹುದು. ಲಗೇಜ್ ಕಳೆದರೆ, ಪಾಸ್‌ಪೋರ್ಟ್ ಕಳೆದರೆ, ವಿಮಾನ ತಪ್ಪಿದರೆ ಅದಕ್ಕೂ ಸ್ವಲ್ಪ ಪರಿಹಾರ ಇರುತ್ತದೆ. ಜಗಳ ಬಂದರೆ ನಮ್ಮ ನೆಲದಲ್ಲೇ ನ್ಯಾಯ ಕೇಳಬಹುದು, ಇದು ಸಣ್ಣ ಮಾತಲ್ಲ. ಕಂಪನಿಗೆ ಬರೆದ ದೂರಿಗೆ ಒಂದು ತಿಂಗಳಲ್ಲಿ ಸರಿಯಾದ ಉತ್ತರ ಬರದಿದ್ದರೆ ಬೆಂಗಳೂರಿನಲ್ಲಿರುವ ವಿಮಾ ಒಂಬುಡ್ಸ್‌ಮನ್, ಅಂದರೆ ವಿಮೆಯ ದೂರು ಕೇಳಿ ಇತ್ಯರ್ಥ ಮಾಡುವ ಅಧಿಕಾರಿಯ ಕಚೇರಿಗೆ ಹೋಗಬಹುದು. 50 ಲಕ್ಷ ರೂಪಾಯಿವರೆಗಿನ ತಕರಾರನ್ನು ಅವರು ಕೇಳುತ್ತಾರೆ. ಶುಲ್ಕ ಇಲ್ಲ, ವಕೀಲರೂ ಬೇಕಿಲ್ಲ.

ಕೊರತೆ ಎಲ್ಲಿದೆ? ಮೊದಲೇ ಇದ್ದ ಕಾಯಿಲೆಗೆ ಹೆಚ್ಚಿನ ಪಾಲಿಸಿಗಳು ಏನೂ ಕೊಡುವುದಿಲ್ಲ. ಕೊಟ್ಟರೂ ಜೀವಕ್ಕೆ ಅಪಾಯ ಬಂದ ತುರ್ತು ಸಂದರ್ಭಕ್ಕೆ ಮಾತ್ರ, ಅದೂ ಒಂದು ಮಿತಿಯೊಳಗೆ. 60 ದಾಟಿದವರ ಪಾಲಿಸಿಯಲ್ಲಿ ಸಬ್‌ಲಿಮಿಟ್ ಇರುವುದು ಜಾಸ್ತಿ. ಅದಿಲ್ಲದ ಪ್ಲಾನುಗಳೂ ಇವೆ, ಸ್ವಲ್ಪ ದುಬಾರಿ. ಏಜೆಂಟರನ್ನು "60 ದಾಟಿದವರಿಗೆ ಸಬ್‌ಲಿಮಿಟ್ ಇಲ್ಲದ್ದು ಕೊಡಿ" ಅಂತ ಬಾಯಿಬಿಟ್ಟು ಕೇಳಬೇಕು. ಇನ್ನೊಂದು ವಿಷಯ, ಅಮೆರಿಕದ ಆಸ್ಪತ್ರೆಯ ಕೌಂಟರಿನಲ್ಲಿ ಕೂತವರಿಗೆ ಭಾರತದ ಕಂಪನಿಯ ಹೆಸರು ಗೊತ್ತಿರುವುದಿಲ್ಲ. ನಡುವೆ ಒಂದು ಸಹಾಯಕ ಸಂಸ್ಥೆ ಇರುತ್ತದೆ, ಅದರ ಮೂಲಕ ಒಪ್ಪಿಗೆ ಬರಬೇಕು. ದೊಡ್ಡ ಅಡ್ಮಿಷನ್ ಆದರೆ ಇದು ನಡೆಯುತ್ತದೆ. ಸಣ್ಣಪುಟ್ಟ ಖರ್ಚನ್ನು ನಾವೇ ಕಟ್ಟಿ, ರಶೀದಿ ತಂದು, ಕ್ಲೇಮು ಹಾಕಬೇಕು.

ಒಂದು ಮಾತು ನೆನಪಿಡಿ. ಈ ಪಾಲಿಸಿಯನ್ನು ಭಾರತ ಬಿಡುವ ಮೊದಲೇ ಮಾಡಿಸಬೇಕು. ಅಲ್ಲಿ ಇಳಿದ ಮೇಲೆ "ಮಾಡಿಸಿಬಿಡೋಣ" ಅಂದರೆ ಸಾಮಾನ್ಯವಾಗಿ ಆಗುವುದಿಲ್ಲ.

ಅಮೆರಿಕದ ಅಗ್ಗದ ಪ್ಲಾನು, ಅಮೆರಿಕದ ತುಂಬು ಪ್ಲಾನು

ಅಮೆರಿಕದ ಕಂಪನಿಗಳು ಪ್ರವಾಸಿಗಳಿಗೆ ಮಾರುವ ವಿಮೆಯಲ್ಲಿ ಎರಡು ಜಾತಿ. ಒಂದನ್ನು ಫಿಕ್ಸೆಡ್ ಅನ್ನುತ್ತಾರೆ, ವಿಸಿಟರ್ಸ್ ಕೇರ್ ಅಂಥದ್ದು. ಪ್ರತಿ ಸೇವೆಗೂ ಇಷ್ಟೇ ಡಾಲರ್ ಅಂತ ಪಟ್ಟಿ ಇರುತ್ತದೆ. ಇನ್ನೊಂದು ಕಾಂಪ್ರಹೆನ್ಸಿವ್. ಅಟ್ಲಾಸ್ ಅಮೆರಿಕ, ಪೇಟ್ರಿಯಟ್ ಅಮೆರಿಕ ಪ್ಲಸ್ ಈ ಜಾತಿಯವು. ಇದರಲ್ಲಿ ಮೊದಲ ಒಂದಿಷ್ಟು ಡಾಲರ್ ನಾವು ಕೊಡಬೇಕು, ಅದು ಡಿಡಕ್ಟಿಬಲ್. ಅದರ ಮೇಲಿನದ್ದರಲ್ಲಿ ದೊಡ್ಡ ಪಾಲನ್ನು ಕಂಪನಿ ಕೊಡುತ್ತದೆ.

ವ್ಯತ್ಯಾಸ ಕಾಣಬೇಕಾದರೆ ಲೆಕ್ಕ ಹಾಕಿಯೇ ನೋಡಬೇಕು. ನಾಲ್ಕು ದಿನ ಆಸ್ಪತ್ರೆಯಲ್ಲಿದ್ದು 40,000 ಡಾಲರ್ ಬಿಲ್ಲಾಯಿತು ಅಂತ ಇಟ್ಟುಕೊಳ್ಳಿ. ಡಾಲರಿಗೆ 90 ರೂಪಾಯಿ ಹಿಡಿದರೆ 36 ಲಕ್ಷ. ಫಿಕ್ಸೆಡ್ ಪ್ಲಾನಿನಲ್ಲಿ ದಿನಕ್ಕೆ 1,500 ಡಾಲರ್ ಅಂದರೆ ನಾಲ್ಕು ದಿನಕ್ಕೆ 6,000. ತುರ್ತು ವಿಭಾಗಕ್ಕೆ 400, ಡಾಕ್ಟರ್ ಭೇಟಿಗಳಿಗೆ 300, ಪರೀಕ್ಷೆಗಳಿಗೆ 500 ಅಂತ ಇದ್ದರೆ ಒಟ್ಟು 7,200 ಡಾಲರ್. ಉಳಿದ 32,800 ಡಾಲರ್, ಅಂದರೆ 29 ಲಕ್ಷ 52 ಸಾವಿರ ರೂಪಾಯಿ, ನಮ್ಮ ತಲೆಯ ಮೇಲೆ. ಮುಖಪುಟದಲ್ಲಿ 1 ಲಕ್ಷ ಡಾಲರ್ ಅಂತ ಬರೆದೇ ಇರುತ್ತದೆ, ಆದರೆ ಅಲ್ಲಿಯವರೆಗೆ ಅದು ಹೋಗುವುದೇ ಇಲ್ಲ.

ಅದೇ ಬಿಲ್ಲು ಕಾಂಪ್ರಹೆನ್ಸಿವ್ ಪ್ಲಾನಿನಲ್ಲಿ ಹೀಗಾಗುತ್ತದೆ. ಡಿಡಕ್ಟಿಬಲ್ 250 ಡಾಲರ್ ನಮ್ಮದು. ಅದರ ಮೇಲಿನ ಮೊದಲ 5,000 ಡಾಲರಿನಲ್ಲಿ ನೂರಕ್ಕೆ 20 ನಮ್ಮದು, ಅಂದರೆ 1,000. ಮಿಕ್ಕಿದ್ದೆಲ್ಲ ಕಂಪನಿಯದ್ದು. ನಮ್ಮ ಕೈಯಿಂದ ಹೋಗುವುದು 1,250 ಡಾಲರ್, 1 ಲಕ್ಷ 12 ಸಾವಿರದ 500 ರೂಪಾಯಿ. ಇದು ಉದಾಹರಣೆಯ ಲೆಕ್ಕ. ಪ್ಲಾನಿನಿಂದ ಪ್ಲಾನಿಗೆ ಅಂಕಿಗಳು ಬದಲಾಗುತ್ತವೆ. ನೆಟ್‌ವರ್ಕಿನ, ಅಂದರೆ ಕಂಪನಿಯ ಜೊತೆ ಒಪ್ಪಂದ ಇರುವ ಆಸ್ಪತ್ರೆಗಳ ಪಟ್ಟಿಯ, ಹೊರಗಿನ ಆಸ್ಪತ್ರೆಗೆ ಹೋದರೆ ನಮ್ಮ ಪಾಲು ಏರಬಹುದು. ಆದರೆ ಎರಡು ಜಾತಿಗಳ ನಡುವಿನ ಅಂತರ ಇಷ್ಟೇ ದೊಡ್ಡದು. ಪ್ರೀಮಿಯಂನಲ್ಲಿ ಉಳಿಸಿದ ಹಣಕ್ಕೂ ಈ 29 ಲಕ್ಷಕ್ಕೂ ಹೋಲಿಕೆಯೇ ಇಲ್ಲ, ಅಲ್ವಾ?

ಇನ್ನು ಮೊದಲೇ ಇದ್ದ ಕಾಯಿಲೆ. ಒಳ್ಳೆಯ ಕಾಂಪ್ರಹೆನ್ಸಿವ್ ಪ್ಲಾನುಗಳಲ್ಲಿ ಅಕ್ಯೂಟ್ ಆನ್‌ಸೆಟ್ ಅನ್ನುವ ಸೌಲಭ್ಯ ಇರುತ್ತದೆ. ಹಳೆಯ ಕಾಯಿಲೆ ಯಾವ ಮುನ್ಸೂಚನೆಯೂ ಇಲ್ಲದೆ ಹಠಾತ್ತನೆ ಜೋರಾದರೆ ಕೊಡುತ್ತೇವೆ ಅಂತ ಅರ್ಥ. ಸಾಮಾನ್ಯವಾಗಿ 24 ಗಂಟೆಯೊಳಗೆ ಚಿಕಿತ್ಸೆಗೆ ಹೋಗಿರಬೇಕು. ಬಿಪಿ ಇದ್ದವರಿಗೆ ರಾತ್ರೋರಾತ್ರಿ ಪಾರ್ಶ್ವವಾಯು ಹೊಡೆದರೆ ಇದರಲ್ಲಿ ಬರುತ್ತದೆ. ಮೂರು ವಾರದಿಂದ ಮೆಟ್ಟಿಲು ಹತ್ತಿದರೆ ಎದೆ ಹಿಡಿಯುತ್ತಿತ್ತು, ಸುಮ್ನೆ ಇದ್ದೆವು, ಆಮೇಲೆ ಹೋದೆವು ಅಂದರೆ ಬರುವುದಿಲ್ಲ. ಇಲ್ಲಿನ ಡಾಕ್ಟರು "ಆಂಜಿಯೋಗ್ರಾಮ್ ಮಾಡಿಸಿ" ಅಂತ ಬರೆದುಕೊಟ್ಟದ್ದನ್ನು ಮಾಡಿಸದೆ ವಿಮಾನ ಹತ್ತಿದರೂ ಬರುವುದಿಲ್ಲ. ದಿನಾ ನುಂಗುವ ಮಾತ್ರೆ, ತಿಂಗಳ ಶುಗರ್ ಟೆಸ್ಟು ಯಾವುದರಲ್ಲೂ ಬರುವುದಿಲ್ಲ. ಈ ಸೌಲಭ್ಯಕ್ಕೂ ವಯಸ್ಸಿನ ಗೆರೆ ಇದೆ. ಕೆಲವು ಪ್ಲಾನುಗಳು 70ಕ್ಕೆ ನಿಲ್ಲಿಸುತ್ತವೆ, ಕೆಲವು 80ಕ್ಕೆ. ಹಾಗಾಗಿ ಗಂಡನಿಗೆ 71, ಹೆಂಡತಿಗೆ 66 ಇದ್ದರೆ ಇಬ್ಬರಿಗೂ ಒಂದೇ ಪ್ಲಾನು ಇರಬೇಕು ಅಂತೇನಿಲ್ಲ. ಬೇರೆ ಬೇರೆ ತೆಗೆದುಕೊಂಡರೆ ಇಬ್ಬರಿಗೂ ಒಳ್ಳೆಯದಾಗಬಹುದು.

ಈ ಪ್ಲಾನುಗಳನ್ನು ಮಗನೋ ಮಗಳೋ ಅಲ್ಲಿಂದಲೇ ಆನ್‌ಲೈನ್‌ನಲ್ಲಿ ಮಾಡಿಸಬಹುದು. ನೀವು ಅಲ್ಲಿಗೆ ಹೋದ ಮೇಲೂ ಕೊಳ್ಳಬಹುದು, ಆದರೆ ಅಷ್ಟು ದಿನ ಕಾಯಬೇಡಿ. ಬೇಗ ವಾಪಸ್ ಬಂದರೆ, ಕ್ಲೇಮು ಏನೂ ಆಗಿಲ್ಲದಿದ್ದರೆ, ಉಳಿದ ದಿನಗಳ ಹಣವನ್ನು ಸ್ವಲ್ಪ ಶುಲ್ಕ ಹಿಡಿದು ಹಿಂದಿರುಗಿಸುವ ಪ್ಲಾನುಗಳು ಬಹಳ ಇವೆ. ಅದಕ್ಕೇ ನಾನು ಹೇಳುವುದು, ಪೂರ್ತಿ ದಿನಗಳಿಗೆ ಒಂದೇ ಸಲ ಮಾಡಿಸಿ. ಎರಡು ತಿಂಗಳಿಗೆ ಮಾಡಿಸಿ, ಆಮೇಲೆ ಹೊಸ ಪಾಲಿಸಿ ತೆಗೆದುಕೊಂಡರೆ, ಮೊದಲ ಎರಡು ತಿಂಗಳಲ್ಲಿ ಕಾಣಿಸಿಕೊಂಡ ಕಾಯಿಲೆ ಹೊಸ ಪಾಲಿಸಿಯ ಕಣ್ಣಿಗೆ "ಮೊದಲೇ ಇದ್ದ ಕಾಯಿಲೆ" ಆಗಿಬಿಡುತ್ತದೆ. ಇದನ್ನು ಯಾರೂ ಮುಂಚೆ ಹೇಳುವುದಿಲ್ಲ.

ದೇಶದೊಳಗಿನ ಮೆಡಿಕ್ಲೇಮಿಗೆ ಸೇರಿಸಿದ ವಿದೇಶಿ ಸೌಲಭ್ಯ

ಈಚೆಗೆ ಕೆಲವು ದುಬಾರಿ ಮೆಡಿಕ್ಲೇಮ್ ಪಾಲಿಸಿಗಳಲ್ಲಿ ವಿದೇಶದ ಚಿಕಿತ್ಸೆಯೂ ಸೇರಿದೆ. ಆಗಲೇ ಅಂಥದ್ದು ಇದ್ದು, ಕಾಯುವ ಅವಧಿ ಮುಗಿದಿದ್ದರೆ, ಅದು ಒಳ್ಳೆಯ ಆಸರೆ. 2024ರ ಏಪ್ರಿಲ್‌ನಿಂದ ಮೊದಲೇ ಇದ್ದ ಕಾಯಿಲೆಗೆ ಮೆಡಿಕ್ಲೇಮಿನಲ್ಲಿ ಕಾಯಿಸುವ ಅವಧಿ ಹೆಚ್ಚೆಂದರೆ ಮೂರು ವರ್ಷ. ಆದರೆ ಪ್ರವಾಸಕ್ಕೆಂದೇ ಈಗ ಹೊಸದಾಗಿ ತೆಗೆದುಕೊಳ್ಳುವುದರಲ್ಲಿ ಅರ್ಥ ಇಲ್ಲ, ಆ ಕಾಯುವಿಕೆ ಮುಗಿಯುವಷ್ಟರಲ್ಲಿ ಮೊಮ್ಮಗು ಶಾಲೆಗೆ ಹೋಗುತ್ತಿರುತ್ತದೆ. ಇರುವವರೂ ಎರಡು ಸಾಲು ಹುಡುಕಿ ಓದಿ. ತುರ್ತು ಚಿಕಿತ್ಸೆಗೆ ಕೊಡುತ್ತದಾ, ಅಥವಾ ಭಾರತದಲ್ಲಿ ಪತ್ತೆಯಾದ ಕಾಯಿಲೆಗೆ ಅಲ್ಲಿ ಹೋಗಿ ಮಾಡಿಸುವ ಚಿಕಿತ್ಸೆಗೆ ಮಾತ್ರವಾ? ಒಂದು ಪ್ರವಾಸಕ್ಕೆ ಎಷ್ಟು ದಿನ?

ಕ್ರೆಡಿಟ್ ಕಾರ್ಡ್ ಜೊತೆ ಬರುವ ವಿಮೆ, ಟಿಕೆಟ್ ಬುಕ್ ಮಾಡುವಾಗ ಟಿಕ್ ಹಾಕುವ ವಿಮೆ, ಇವುಗಳ ಆರೋಗ್ಯದ ಭಾಗ ಚಿಕ್ಕದು. ನಮ್ಮ ವಯಸ್ಸಿಗೆ ಅದನ್ನೇ ನಂಬಿ ಕೂರಬೇಡಿ.

ಬೇರೆ ದೇಶಗಳಿಗೆ ಹೋಗುವವರು

ಮಕ್ಕಳು, ಮೊಮ್ಮಕ್ಕಳ ಜೊತೆ ಬಹಳ ದಿನ ಇರಲು ತಂದೆತಾಯಿಗೆ, ಅಜ್ಜಅಜ್ಜಿಗೆ ಕೆನಡಾ ಕೊಡುವ ಸೂಪರ್ ವೀಸಾಕ್ಕೆ ವಿಮೆ ಕಡ್ಡಾಯ. ಕನಿಷ್ಠ 1 ಲಕ್ಷ ಕೆನಡಾ ಡಾಲರ್, ಕನಿಷ್ಠ ಒಂದು ವರ್ಷ. ಮೊದಲು ಕೆನಡಾದ ಕಂಪನಿಯದ್ದೇ ಆಗಬೇಕಿತ್ತು. 2025ರ ಜನವರಿ ಕೊನೆಯಿಂದ ಅಲ್ಲಿನ ನಿಯಂತ್ರಕರ ಅನುಮತಿ ಪಡೆದ ಹೊರದೇಶದ ಕಂಪನಿಗಳದ್ದೂ ನಡೆಯುತ್ತದೆ. ಭಾರತದ ಎಲ್ಲ ಕಂಪನಿಗಳಿಗೂ ಆ ಅನುಮತಿ ಇದೆ ಅಂತ ತಿಳಿಯಬೇಡಿ, ಕೇಳಿ ಖಚಿತ ಮಾಡಿಕೊಳ್ಳಿ. ಕಂತಿನಲ್ಲಿ ಕಟ್ಟಬಹುದು. ಕೆನಡಾದ ಪಾಲಿಸಿಗಳಲ್ಲಿ ನಮಗೆ ಅನುಕೂಲ ಏನೆಂದರೆ, ಹಳೆಯ ಕಾಯಿಲೆ ಹತೋಟಿಯಲ್ಲಿದ್ದರೆ ಅದನ್ನೂ ಸೇರಿಸುವ ಪ್ಲಾನುಗಳು ಸಿಗುತ್ತವೆ. 90 ದಿನವೋ 180 ದಿನವೋ ಕಾಯಿಲೆ ಏರುಪೇರಾಗದೆ ಇರಬೇಕು ಅನ್ನುವ ಷರತ್ತಿರುತ್ತದೆ. ಇಲ್ಲೊಂದು ಸೂಕ್ಷ್ಮ ಇದೆ. ಆ ಅವಧಿಯಲ್ಲಿ ಡಾಕ್ಟರು ಬಿಪಿ ಮಾತ್ರೆಯ ಡೋಸ್ ಬದಲಾಯಿಸಿದರೆ "ಹತೋಟಿಯಲ್ಲಿ ಇರಲಿಲ್ಲ" ಅಂತ ಲೆಕ್ಕ ಹಾಕುತ್ತಾರೆ. ಎಷ್ಟೋ ಪಾಲಿಸಿಗಳಲ್ಲಿ ಡೋಸ್ ಇಳಿಸಿದರೂ ಹಾಗೆಯೇ. ಆದ್ದರಿಂದ ಪ್ರವಾಸದ ವರ್ಷ ಡಾಕ್ಟರ ಹತ್ತಿರ ಹೋಗುವುದಿದ್ದರೆ ಬೇಗ ಹೋಗಿ, ಔಷಧಿ ಬೇಗ ಸರಿಮಾಡಿಸಿಕೊಳ್ಳಿ. ಡೋಸ್ ಬದಲಾಗಲೇಬೇಕಾದರೆ ಆಗಲಿ, ವಿಮೆಗಾಗಿ ಅದನ್ನು ತಡೆಯಬೇಡಿ.

ಯುರೋಪಿನ ಷೆಂಗೆನ್ ವೀಸಾಕ್ಕೂ ವಿಮೆ ಬೇಕೇ ಬೇಕು, ಕನಿಷ್ಠ 30,000 ಯೂರೋ. ಇದಕ್ಕೆ ಭಾರತದ ಪಾಲಿಸಿ ಸಾಕು, ತಲೆ ಕೆಡಿಸಿಕೊಳ್ಳುವುದು ಬೇಡ. ಇಂಗ್ಲೆಂಡಿಗೆ ಹೋಗುವವರಿಗೆ ವಿಮೆ ಕಡ್ಡಾಯವಲ್ಲ. ತುರ್ತು ವಿಭಾಗದಲ್ಲಿ ನೋಡುವುದೂ ಉಚಿತ. ಆದರೆ ಅಡ್ಮಿಟ್ ಆದರೆ ಪ್ರವಾಸಿಗಳಿಗೆ ಎನ್‌ಎಚ್‌ಎಸ್ (ಅಲ್ಲಿನ ಸರ್ಕಾರಿ ಆರೋಗ್ಯ ಸೇವೆ) ದರದ ಒಂದೂವರೆ ಪಟ್ಟು ಹಾಕುತ್ತಾರೆ. ಬಾಕಿ ಉಳಿಸಿದರೆ ಮುಂದಿನ ವೀಸಾಕ್ಕೆ ತೊಂದರೆ. ಉಮ್ರಾಕ್ಕೆ ಹೋಗುವ ಹಿರಿಯರಿಗೆ ವೀಸಾದ ಜೊತೆಗೇ ವಿಮೆ ಬರುತ್ತದೆ. ಅದರಲ್ಲಿ ಏನೇನಿದೆ ಅಂತ ಟ್ರಾವೆಲ್ಸ್‌ನವರಿಂದ ಬರೆಸಿಕೊಳ್ಳಿ. ಮುಕ್ತಿನಾಥಕ್ಕೋ ಕೈಲಾಸಕ್ಕೋ ಹೊರಟವರು ಇಷ್ಟು ಎತ್ತರದವರೆಗೆ ಮಾತ್ರ ಅನ್ನುವ ಷರತ್ತು ಪಾಲಿಸಿಯಲ್ಲಿ ಇದೆಯಾ, ಹೆಲಿಕಾಪ್ಟರ್ ಖರ್ಚು ಬರುತ್ತದಾ, ಇವೆರಡನ್ನು ಮೊದಲು ನೋಡಿ.

ಯಾರಿಗೆ ಯಾವುದು?

ಕೊಪ್ಪಳದ ನಿವೃತ್ತ ಶಿಕ್ಷಕಿ, 62 ವರ್ಷ, ಕಾಯಿಲೆ ಏನೂ ಇಲ್ಲ, ಮೂರು ವಾರ ದುಬೈ ಅಥವಾ ಸಿಂಗಪುರ ಅಂತ ಇಟ್ಟುಕೊಳ್ಳಿ. ಭಾರತದ ಪಾಲಿಸಿ, 50 ಸಾವಿರದಿಂದ 1 ಲಕ್ಷ ಡಾಲರ್. ಬೇರೆ ಯೋಚನೆ ಬೇಡ.

ರಾಯಚೂರಿನ ದಂಪತಿ, 66 ಮತ್ತು 63, ಒಬ್ಬರಿಗೆ ಶುಗರ್, ಇಬ್ಬರಿಗೂ ಬಿಪಿ, ಐದು ತಿಂಗಳು ಅಮೆರಿಕ. ನನ್ನ ಹತ್ತಿರ ಬರುವವರಲ್ಲಿ ಇಂಥವರೇ ಜಾಸ್ತಿ. ಇವರಿಗೆ ನಾನು ಹೇಳುವುದು ಅಮೆರಿಕದ ಕಾಂಪ್ರಹೆನ್ಸಿವ್ ಪ್ಲಾನು. ಅಕ್ಯೂಟ್ ಆನ್‌ಸೆಟ್ ಇರಲೇಬೇಕು. ಮೊತ್ತ 1 ಲಕ್ಷ ಡಾಲರಿಗೆ ಕಡಿಮೆ ಬೇಡ, ಸಿಕ್ಕರೆ ಎರಡೂವರೆ ಲಕ್ಷ ಇರಲಿ. ಪ್ರೀಮಿಯಂ ಭಾರ ಅನಿಸಿದರೆ ಡಿಡಕ್ಟಿಬಲ್ ಅನ್ನು 500 ಅಥವಾ 1,000 ಡಾಲರಿಗೆ ಏರಿಸಿ, ಪ್ರೀಮಿಯಂ ಇಳಿಯುತ್ತದೆ. ಸಾವಿರ ಡಾಲರನ್ನು ಮಗ ಹೇಗಾದರೂ ಹೊಂದಿಸುತ್ತಾನೆ. ಮೂವತ್ತು ಸಾವಿರ ಡಾಲರ್ ಹೊಂದಿಸುವುದು ಯಾರಿಗೂ ಸುಲಭವಲ್ಲ.

ಅಷ್ಟೂ ಆಗುವುದಿಲ್ಲ, ಪೆನ್ಷನ್ ಮೇಲೆಯೇ ಎಲ್ಲ ನಡೆಯಬೇಕು ಅನ್ನುವವರಿದ್ದಾರೆ. ಅವರು ದಿನಗಳನ್ನು ಕಡಿಮೆ ಮಾಡಿ, ರಕ್ಷಣೆಯನ್ನು ಕಡಿಮೆ ಮಾಡಬೇಡಿ. ಆರು ತಿಂಗಳಿನ ಫಿಕ್ಸೆಡ್ ಪ್ಲಾನಿಗಿಂತ ಮೂರು ತಿಂಗಳಿನ ಕಾಂಪ್ರಹೆನ್ಸಿವ್ ವಾಸಿ. ಅದೂ ಆಗದಿದ್ದರೆ ಭಾರತದ, ಸಬ್‌ಲಿಮಿಟ್ ಇಲ್ಲದ ಪಾಲಿಸಿ. ಫಿಕ್ಸೆಡ್ ಪ್ಲಾನು ಏನೂ ಇಲ್ಲದ್ದಕ್ಕಿಂತ ಮೇಲು, ಅಷ್ಟು ಮಾತ್ರ ಹೇಳಬಲ್ಲೆ.

ಸ್ಟೆಂಟ್ ಹಾಕಿಸಿಕೊಂಡ 74ರ ಹಿರಿಯರು ಸಿಂಧನೂರಿನಿಂದ ಫೋನ್ ಮಾಡಿ ಕೇಳಿದ್ದರು. ಅವರಿಗೆ ಸುಲಭದ ಉತ್ತರ ಕೊಡಲು ನನಗೆ ಆಗಲಿಲ್ಲ. 70ರ ನಂತರ ಸಿಗುವ ಮೊತ್ತ ಇಳಿಯುತ್ತದೆ. 80 ದಾಟಿದರೆ ಕೆಲವು ಪ್ಲಾನುಗಳು 10,000 ಡಾಲರಿಗೇ ನಿಂತುಬಿಡುತ್ತವೆ. ಇಂಥವರು ಮೊದಲು ತಮ್ಮ ಹೃದಯದ ಡಾಕ್ಟರನ್ನು ಕಾಣಲಿ, ಹೊರಡುವ ಮೊದಲು ಬೇಕಾದ ಪರೀಕ್ಷೆಗಳನ್ನೆಲ್ಲ ಇಲ್ಲೇ ಮುಗಿಸಲಿ. ಹೋಗಬಹುದು ಅಂದರೆ ಆರು ವಾರಕ್ಕೆ ಹೋಗಿಬರಲಿ, ಸಿಗುವುದರಲ್ಲೇ ಉತ್ತಮ ಪ್ಲಾನು ತೆಗೆದುಕೊಳ್ಳಲಿ. ಬೇಡ ಅಂದರೆ ಮಕ್ಕಳೇ ಬರಲಿ. ಅಜ್ಜನ ಮನೆ ನೋಡುವುದೂ ಮೊಮ್ಮಕ್ಕಳಿಗೆ ಬೇಕಾದದ್ದೇ.

ಯಾವ ಪಾಲಿಸಿ ಆದರೂ ಪಾರ್ಥಿವ ಶರೀರವನ್ನು ಊರಿಗೆ ತರುವ ಖರ್ಚು ಸೇರಿದೆಯಾ ಅಂತ ನೋಡಿಕೊಳ್ಳಿ. ಹೊರಡುವ ಸಂಭ್ರಮದಲ್ಲಿ ಈ ಮಾತು ಆಡಲು ಯಾರಿಗೂ ಮನಸ್ಸು ಬರುವುದಿಲ್ಲ. ಮಕ್ಕಳಂತೂ ಕೇಳುವುದಿಲ್ಲ. ನಾವೇ ಓದಿ ನೋಡಬೇಕು.

ಹೊರಡುವ ಮೊದಲು, ಹೋದ ಮೇಲೆ

ಫಾರಂನಲ್ಲಿ ಕಾಯಿಲೆ ಮುಚ್ಚಿಡಬೇಡಿ. "ಬಿಪಿ ಬರೆದರೆ ಪ್ರೀಮಿಯಂ ಏರುತ್ತೆ, ಬಿಡಿ ಅಣ್ಣಾ" ಅನ್ನುವ ಏಜೆಂಟರು ಇದ್ದಾರೆ. ಕ್ಲೇಮು ಹಾಕಿದಾಗ ಕಂಪನಿ ಹಳೆಯ ಚೀಟಿಗಳನ್ನೆಲ್ಲ ಕೇಳುತ್ತದೆ. ಆಗ ಆ ಏಜೆಂಟರು ಜೊತೆಗೆ ಇರುವುದಿಲ್ಲ.

ನಿಮ್ಮ ಡಾಕ್ಟರಿಂದ ಒಂದು ಪತ್ರ ಬರೆಸಿಕೊಳ್ಳಿ. ಯಾವ ಕಾಯಿಲೆ, ಎಂದಿನಿಂದ, ಯಾವ ಮಾತ್ರೆ, ಎಷ್ಟು ಡೋಸ್ ಅಂತ ಅದರಲ್ಲಿರಲಿ. ಮಾತ್ರೆಯ ಕಂಪನಿ ಹೆಸರಿನ ಜೊತೆ ಒಳಗಿರುವ ಔಷಧದ ಹೆಸರೂ ಬೇಕು, ಇಲ್ಲಿನ ಬ್ರ್ಯಾಂಡ್ ಅಲ್ಲಿ ಯಾರಿಗೂ ಗೊತ್ತಿರುವುದಿಲ್ಲ. ಅಷ್ಟೂ ದಿನಕ್ಕೆ ಬೇಕಾಗುವ ಮಾತ್ರೆಗಳನ್ನು ಸ್ಟ್ರಿಪ್ಪಿನಲ್ಲೇ ಇಟ್ಟು, ಕೈಚೀಲದಲ್ಲಿ ಒಯ್ಯಿರಿ. ಸೂಟ್‌ಕೇಸ್ ಎರಡು ದಿನ ತಡವಾಗಿ ಬಂದರೂ ಮಾತ್ರೆ ತಪ್ಪಬಾರದು.

ಅಲ್ಲಿ ಸಣ್ಣ ಜ್ವರ, ಹೊಟ್ಟೆನೋವು, ಕಾಲು ಉಳುಕಿದ್ದು ಅಂದರೆ ನೇರ ದೊಡ್ಡ ಆಸ್ಪತ್ರೆಯ ತುರ್ತು ವಿಭಾಗಕ್ಕೆ ಓಡಬೇಡಿ. ಅಮೆರಿಕದಲ್ಲಿ ಅರ್ಜೆಂಟ್ ಕೇರ್ ಅನ್ನುವ ಕ್ಲಿನಿಕ್ಕುಗಳು ಇರುತ್ತವೆ, ಖರ್ಚು ಬಹಳ ಕಡಿಮೆ. ಅಡ್ಮಿಟ್ ಆಗದೆ ತುರ್ತು ವಿಭಾಗದಿಂದ ಹಾಗೇ ವಾಪಸ್ ಬಂದರೆ ಹೆಚ್ಚುವರಿ ಡಿಡಕ್ಟಿಬಲ್ ಹಾಕುವ ಪ್ಲಾನುಗಳೂ ಇವೆ. ಆದರೆ ಎದೆನೋವು, ಬಾಯಿ ಸೊಟ್ಟಗಾಗುವುದು, ಕೈಕಾಲು ಸ್ವಾಧೀನ ತಪ್ಪುವುದು ಕಂಡರೆ ವಿಮೆ, ಬಿಲ್ಲು ಏನನ್ನೂ ಯೋಚಿಸಬೇಡಿ, 911ಕ್ಕೆ ಫೋನ್ ಮಾಡಿ.

ಅಡ್ಮಿಟ್ ಆದರೆ ವಿಮೆ ಕಂಪನಿಗೆ ತಕ್ಷಣ ತಿಳಿಸಬೇಕು. 24 ಗಂಟೆ, 48 ಗಂಟೆ ಅಂತ ಗಡುವು ಇರುತ್ತದೆ. ತಪ್ಪಿದರೆ ಕೆಲವು ಪ್ಲಾನುಗಳು ಕೊಡುವ ಹಣದಲ್ಲಿ ಕಡಿತ ಮಾಡುತ್ತವೆ. ಡಿಸ್ಚಾರ್ಜ್ ಆದ ಮೇಲೆ ಒಂದೊಂದು ಖರ್ಚನ್ನೂ ಬಿಡಿಸಿ ಬರೆದ ಬಿಲ್ಲು ಕೇಳಿ ತೆಗೆದುಕೊಳ್ಳಿ. ವಿಮೆ ಕೊಟ್ಟ ಮೇಲೂ ದೊಡ್ಡ ಮೊತ್ತ ಉಳಿದರೆ ಆಸ್ಪತ್ರೆಯ ಆರ್ಥಿಕ ಸಹಾಯದ ಅರ್ಜಿ ಕೇಳಿ. ಅಮೆರಿಕದ ಲಾಭರಹಿತ ಆಸ್ಪತ್ರೆಗಳು ಕಾನೂನಿನ ಪ್ರಕಾರ ಅಂಥದ್ದೊಂದು ವ್ಯವಸ್ಥೆ ಇಟ್ಟಿರಲೇಬೇಕು. ನಮ್ಮ ಮಗ ಬಿಲ್ಲು ಇಳಿಸಿಕೊಂಡದ್ದು ಆ ಅರ್ಜಿಯಿಂದಲೇ.

ಎರಡನೇ ಸಲ ಹೋದಾಗ ಪಾಲಿಸಿ ನಂಬರು, ಸಹಾಯವಾಣಿ, ಮಗನ ಫೋನು, ಇಬ್ಬರ ಕಾಯಿಲೆ ಮತ್ತು ಮಾತ್ರೆಗಳ ಹೆಸರು ಎಲ್ಲವನ್ನೂ ಅರ್ಧ ಹಾಳೆಯಲ್ಲಿ ಇಂಗ್ಲಿಷಿನಲ್ಲಿ ಬರೆದು, ಎರಡು ಪ್ರತಿ ಮಾಡಿಸಿ, ಲ್ಯಾಮಿನೇಟ್ ಮಾಡಿಸಿದ್ದೆ. ಒಂದು ನನ್ನ ಜೇಬಿನಲ್ಲಿತ್ತು, ಇನ್ನೊಂದು ಆಕೆಯ ವ್ಯಾನಿಟಿ ಬ್ಯಾಗಿನಲ್ಲಿ. ವಾಕಿಂಗಿಗೆ ಹೋಗುವಾಗಲೂ ಬಿಡುತ್ತಿರಲಿಲ್ಲ.